ತಟ್ಟೆಯಲ್ಲಿ ಉಳಿದ ದನಿ

೧೯೩೦ರ ಸುಮಾರಿನಲ್ಲಿ ಹುಬ್ಬಳ್ಳಿಯಿಂದ ಹೊರಟ ರೈಲು ಗದಗನ್ನು ದಾಟಿ ಕೊಪ್ಪಳವನ್ನು ಮುಟ್ಟುವಷ್ಟರಲ್ಲಿ ಒಂದು ರಾಜ್ಯವನ್ನು ಬಿಟ್ಟು ಇನ್ನೊಂದನ್ನು ಹೊಕ್ಕಿರುತ್ತಿತ್ತು. ಹುಬ್ಬಳ್ಳಿ ಮುಂಬಯಿ ಪ್ರಾಂತಕ್ಕೆ ಸೇರಿತ್ತು. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾಗಳು ನಿಜಾಮನ ಆಳಿಕೆಯಲ್ಲಿದ್ದುವು. ಕನ್ನಡನಾಡು ಹೀಗೆ ಹರಿದು ಹಂಚಿಹೋಗಿದ್ದ ಕಾಲದಲ್ಲಿ, ಇಲ್ಲಿಯ ಹಾಡನ್ನು ಹಾಡುಗಾರರಿಲ್ಲದೆಯೇ ಅಲ್ಲಿ ಕೇಳಿಸಬಲ್ಲ ವಸ್ತುವೊಂದು ಬಳಕೆಗೆ ಬಂದಿತ್ತು. ಅದೇ ಗ್ರಾಮಫೋನ್ ತಟ್ಟೆ.

ಅರಗಿನ ಕಪ್ಪು ತಟ್ಟೆ. ನಿಮಿಷಕ್ಕೆ ೭೮ ಸುತ್ತು. ಒಂದೊಂದು ಮಗ್ಗುಲಿಗೆ ಮೂರು ನಿಮಿಷಗಳ ಗಾನ. ಗಂಟೆಗಟ್ಟಲೆ ಬೆಳೆಯುವ ರಾಗಕ್ಕೆ ಇದು ಬೊಗಸೆಯಲ್ಲಿ ಹೊಳೆಯನ್ನು ಹಿಡಿದಂತೆ. ಆದರೂ ಆ ಬೊಗಸೆ ನೀರಿನ ಮಹಿಮೆ ಸಣ್ಣದಲ್ಲ. ಅಬ್ದುಲ್ ಕರೀಂ ಖಾನರ ತಟ್ಟೆಯೊಂದನ್ನು ಕೇಳಿ ಗದಗಿನ ಬಾಲಕನೊಬ್ಬ ಮನೆ ಬಿಟ್ಟು ಗುರುವನ್ನರಸಿ ಹೊರಟ ಕಥೆಯನ್ನು ಯಾರು ಕೇಳಿಲ್ಲ? ಆ ಬಾಲಕನೇ ಭೀಮಸೇನ ಜೋಶಿ. ಅಮೆರಿಕದಲ್ಲಿಯೂ ಹೀಗೆಯೇ ಆಯಿತು. ೧೯೨೭ರಲ್ಲಿ ಅಲ್ಲಿಯ ದಕ್ಷಿಣ ಸೀಮೆಯ ಬ್ರಿಸ್ಟಲ್ ಎಂಬ ಊರಿಗೆ ತಟ್ಟೆಯ ಕಂಪನಿಯವರು ಯಂತ್ರಗಳನ್ನು ಹೊತ್ತು ಹೋದರು; ಗುಡ್ಡಗಾಡಿನ ಕಾರ್ಟರ್ ಕುಟುಂಬದವರ ಹಾಡು ದೇಶದ ಹಾಡಾಯಿತು.

ಹುಬ್ಬಳ್ಳಿಯಿಂದ ಮುಂಬಯಿಗೆ ಹೋಗಿ ಹಿಸ್ ಮಾಸ್ಟರ್ಸ್ ವಾಯ್ಸ್ ಕಂಪನಿಗೆ ಹಾಡಿದ ತರುಣಿಗೆ ಆಗ ಇಪ್ಪತ್ತರ ಆಸುಪಾಸು. ೧೯೧೩ರಲ್ಲಿ ಧಾರವಾಡದಲ್ಲಿ ಹುಟ್ಟಿದವರು. ತಟ್ಟೆಯ ಮೇಲೆ ಅಚ್ಚಾದ ಹೆಸರು ಗಾಂಧಾರಿ. ಮುಂದೆ ಲೋಕವು ಅವರನ್ನು ಗಂಗೂಬಾಯಿ ಹಾನಗಲ್ ಎಂದು ಕರೆಯಿತು. ತಾಯಿ ಅಂಬಾಬಾಯಿ ಕರ್ನಾಟಕ ಸಂಗೀತದ ಗಾಯಕಿ. ಮಗಳು ಹಿಂದುಸ್ತಾನಿ ಪದ್ಧತಿಯನ್ನು ಕಲಿಯತೊಡಗಿದಾಗ, ತನ್ನ ಹಾಡಿನ ನೆರಳು ಆಕೆಯ ಮೇಲೆ ಬೀಳಬಾರದೆಂದು ತಾವೇ ಹಾಡುವುದನ್ನು ಬಿಟ್ಟರು. ಇಂತಹ ತ್ಯಾಗಕ್ಕೆ ಬಿರುದುಬಾವಲಿಗಳು ದೊರೆಯುವುದಿಲ್ಲ.

ಹಾಡುವ ಮನೆತನದ ಹೆಣ್ಣಿಗೆ ಸಮಾಜದಲ್ಲಿ ಇದ್ದ ಸ್ಥಾನವನ್ನೂ ಇಲ್ಲಿ ನೆನೆಯಬೇಕು. ೧೯೨೪ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದಲ್ಲಿ ಗಾಂಧೀಜಿಯವರ ಸಮ್ಮುಖದಲ್ಲಿ ಸ್ವಾಗತಗೀತೆ ಹಾಡಿದ ಬಾಲಕಿಯರಲ್ಲಿ ಇವರೂ ಒಬ್ಬರು. ಹಾಡು ತಪ್ಪೀತೆಂಬ ಅಂಜಿಕೆ ಅವರಿಗಿರಲಿಲ್ಲ. ಊಟವಾದ ಮೇಲೆ ಮೇಲುಜಾತಿಯವರ ಎಂಜಲೆಲೆ ತೆಗೆಯಲು ತನಗೇ ಹೇಳಿಯಾರೆಂಬುದೇ ಆ ಎಳೆಯ ಜೀವದ ಅಂಜಿಕೆ. ಪಂಕ್ತಿಯಲ್ಲಿ ಎಲೆ ಹಾಕಲು ಹಿಂಜರಿಯುವ ಮನೆಯವರೂ ತಟ್ಟೆಯನ್ನು ಕೊಂಡು ಒಳಗೆ ಇರಿಸಿಕೊಳ್ಳಬಹುದು. ತಟ್ಟೆಗೆ ಮಡಿಯಿಲ್ಲ, ಮೈಲಿಗೆಯಿಲ್ಲ. ಹಾಡಿದವಳು ಹೊಸ್ತಿಲಾಚೆ ನಿಂತಿದ್ದರೂ ಹಾಡು ನಡುಮನೆಯನ್ನು ಸೇರಬಲ್ಲದು.

ಆ ಮೊದಲ ತಟ್ಟೆಗಳನ್ನು ಇಂದು ಕೇಳಿದವರಿಗೆ ಒಂದು ಬೆರಗು ಕಾದಿರುತ್ತದೆ. ಅಲ್ಲಿರುವುದು ಎಳೆಯ, ತೆಳ್ಳನೆಯ, ತಾರಕ್ಕೆ ಸರಾಗವಾಗಿ ಏರುವ ಹೆಣ್ಣುದನಿ. ನಾಡು ಬಲ್ಲ ಗಂಗೂಬಾಯಿಯವರ ದನಿಯೋ ಗುಡುಗಿನಂತಹ ಗಂಭೀರ ನಾದ. ನಡುವೆ ಗಂಟಲಿಗೆ ಬೇನೆ ಬಂದಿತು. ಚಿಕಿತ್ಸೆಯ ತರುವಾಯ ದನಿ ಇಳಿಯಿತು, ದಪ್ಪನಾಯಿತು. ಗಾಯಕಿಗೆ ಇದಕ್ಕಿಂತ ದೊಡ್ಡ ನಷ್ಟವುಂಟೆ? ಬೇರೊಬ್ಬರಾಗಿದ್ದರೆ ತಂಬೂರಿಯನ್ನು ಗೋಡೆಗೆ ಆನಿಸಿ ಸುಮ್ಮನಾಗುತ್ತಿದ್ದರೇನೋ. ಇವರು ಹಾಗೆ ಮಾಡಲಿಲ್ಲ. ಹುಬ್ಬಳ್ಳಿಯಿಂದ ಕುಂದಗೋಳಕ್ಕೆ ರೈಲಿನಲ್ಲಿ ಹೋಗಿಬಂದು ಸವಾಯಿ ಗಂಧರ್ವರಲ್ಲಿ ಕಲಿತ ವಿದ್ಯೆಯನ್ನೆಲ್ಲ ಆ ಹೊಸ ದನಿಗೆ ಹೊಂದಿಸಿದರು. ಅವಸರವಿಲ್ಲದೆ ಒಂದೊಂದೇ ಸ್ವರವನ್ನು ಬೆಳೆಸುವ ಕಿರಾಣಾ ಘರಾಣೆಯ ಪದ್ಧತಿಗೆ ಆ ತುಂಬುದನಿ ಸಹಜವಾಗಿ ಒಗ್ಗಿತು. ಕಳೆದುಕೊಂಡದ್ದೇ ಗಳಿಕೆಯಾಯಿತು.

೧೯೭೧ರಲ್ಲಿ ಪದ್ಮಭೂಷಣ, ೨೦೦೨ರಲ್ಲಿ ಪದ್ಮವಿಭೂಷಣ ಪ್ರಶಸ್ತಿಗಳು ಬಂದುವು. ೨೦೦೬ರಲ್ಲಿ, ತೊಂಬತ್ತಮೂರರ ವಯಸ್ಸಿನಲ್ಲಿ, ಕೊನೆಯ ಕಚೇರಿ. ೨೦೦೯ರ ಜುಲೈ ೨೧ರಂದು ಹುಬ್ಬಳ್ಳಿಯಲ್ಲಿ ಆ ದನಿ ಶಾಂತವಾಯಿತು. ಒಂದು ಕಾಲದಲ್ಲಿ ಎಂಜಲೆಲೆಗೆ ಅಂಜಿದ್ದ ಬಾಲಕಿಯ ಹೆಸರನ್ನು ಮೈಸೂರಿನ ಸಂಗೀತ ವಿಶ್ವವಿದ್ಯಾಲಯ ಇಂದು ಹೊತ್ತು ನಿಂತಿದೆ.

ನಿಜಾಮನ ಗಡಿ ೧೯೪೮ರಲ್ಲಿ ಅಳಿಯಿತು. ೧೯೫೬ರಲ್ಲಿ ಹುಬ್ಬಳ್ಳಿ ಕೊಪ್ಪಳಗಳು ಒಂದೇ ನಾಡಾದುವು. ೧೯೯೭ರಲ್ಲಿ ಕೊಪ್ಪಳವೇ ಜಿಲ್ಲೆಯಾಯಿತು. ಗಂಗಾವತಿಯ ಭತ್ತದ ಗದ್ದೆಯ ಬದುವಿನಲ್ಲಾಗಲಿ, ಯಲಬುರ್ಗಾದ ಜೋಳದ ಹೊಲದಲ್ಲಾಗಲಿ ಕುಳಿತ ತರುಣನು ಈಗ ಅಂಗೈಯಗಲದ ಫೋನಿನಲ್ಲಿ ಎರಡು ದನಿಗಳನ್ನೂ ಒಂದಾದ ಮೇಲೊಂದು ಕೇಳಬಹುದು. ಮೊದಲನೆಯದು ದೇವರು ಕೊಟ್ಟದ್ದು. ಎರಡನೆಯದು ಆಕೆ ದುಡಿದು ಸಂಪಾದಿಸಿದ್ದು.