ತಾಳ ಉಳಿಯದೆ ಆಟ ಉಳಿಯದು

ಹಳೆಯ ಗ್ರಂಥವೊಂದನ್ನು ಉಳಿಸಬೇಕೆಂಬವರು ಅಕ್ಷರ ತಪ್ಪದಂತೆ ಪ್ರತಿಮಾಡಿದರೆ ಕಾರ್ಯವು ಬಹುಮಟ್ಟಿಗೆ ಮುಗಿಯಿತು. ತಾಳಕ್ಕೆ ಸರಿಯಾಗಿ ಆಡತಕ್ಕ ವಿಡಿಯೊ ಗೇಮನ್ನು ಉಳಿಸುವುದು ಇಷ್ಟು ಸುಲಭವಲ್ಲ. ಅಲ್ಲಿ ಚಿತ್ರವನ್ನೂ ಹಾಡನ್ನೂ ಉಳಿಸಿದ ಮೇಲೆ ಕಾಲವನ್ನೂ ಉಳಿಸಬೇಕಾಗುತ್ತದೆ.

ಜಪಾನಿನಲ್ಲಿ 1996ರ ಡಿಸೆಂಬರಿನಲ್ಲಿ ಸೋನಿ ಸಂಸ್ಥೆಯ ಪ್ಲೇಸ್ಟೇಷನ್ ಯಂತ್ರಕ್ಕಾಗಿ ‘ಪರಾಪಾ ದ ರ‍್ಯಾಪರ್’ ಎಂಬ ಆಟವು ಪ್ರಕಟವಾಯಿತು. ಸಂಗೀತಗಾರರಾದ ಮಸಾಯಾ ಮಾತ್ಸುಉರಾ ಅವರು ಅದನ್ನು ರೂಪಿಸಿದರು. ಪಾತ್ರಗಳ ಚಿತ್ರಗಳು ಅಮೆರಿಕದ ರಾಡ್ನಿ ಗ್ರೀನ್‌ಬ್ಲಾಟ್ ಅವರವು. ಕಾಗದದಂತೆ ತೆಳ್ಳಗಿರುವ ನಾಯಿಮರಿಯೇ ಕಥಾನಾಯಕ. ಗುರುವು ಒಂದು ಸಾಲನ್ನು ಹೇಳುವನು; ಆಡುವವರು ಗುಂಡಿಗಳನ್ನೊತ್ತಿ ಅದೇ ಲಯದಲ್ಲಿ ಶಿಷ್ಯನಿಂದ ಅದನ್ನು ಹೇಳಿಸತಕ್ಕದ್ದು. ನಮ್ಮ ಮನೆಗಳಲ್ಲಿ ಸಂಗೀತಪಾಠ ನಡೆಯುವ ಕ್ರಮವೂ ಇದೇ ಅಲ್ಲವೆ?

ಹಳೆಯ ಯಂತ್ರಗಳು ಒಂದೊಂದಾಗಿ ಕೆಡುತ್ತಿವೆ. ಆದುದರಿಂದ ಅವುಗಳ ನಡೆಯನ್ನು ಇಂದಿನ ಕಂಪ್ಯೂಟರಿನಲ್ಲಿ ಅನುಕರಿಸುವ ‘ಎಮ್ಯುಲೇಟರ್’ ಎಂಬ ತಂತ್ರಾಂಶಗಳು ಹುಟ್ಟಿವೆ. ಆದರೆ ತೊಡಕು ಬೇರೊಂದೆಡೆ ಇದೆ. ಪಿಕ್ಚರ್ ಟ್ಯೂಬಿನ ಹಳೆಯ ಟಿ.ವಿ.ಯು ಬಂದ ಚಿತ್ರವನ್ನು ಒಡನೆಯೇ ತೋರಿಸುತ್ತಿತ್ತು. ಇಂದಿನ ಚಪ್ಪಟೆ ಟಿ.ವಿ.ಗಳಲ್ಲಿ ಅನೇಕವು ಚಿತ್ರವನ್ನು ಮೊದಲು ಸಂಸ್ಕರಿಸಿ ಅನಂತರ ತೋರಿಸುವುದರಿಂದ ಕ್ಷಣಾಂಶದಷ್ಟು ವಿಳಂಬವಾಗುತ್ತದೆ. ಚಲಚ್ಚಿತ್ರ ನೋಡುವವರಿಗೆ ಇದು ತಿಳಿಯದು. ತಾಳ ಹಿಡಿದವರಿಗಾದರೋ ಪೆಟ್ಟೇ ತಪ್ಪುತ್ತದೆ. ಸರಿಯಾಗಿ ಒತ್ತಿದ ಮಗುವೂ ಸೋಲುತ್ತದೆ. 2017ರಲ್ಲಿ ಇದೇ ಆಟವು ಚಿತ್ರಗಳನ್ನು ತಿದ್ದಿಸಿಕೊಂಡು ಪ್ಲೇಸ್ಟೇಷನ್ 4ಕ್ಕೆ ಬಂದಾಗ, ಬಣ್ಣ ಮೆರೆದರೂ ಕಾಲದ ಹೊಂದಿಕೆ ಸಾಲದೆಂದು ವಿಮರ್ಶಕರಲ್ಲಿ ಹಲವರು ಆಕ್ಷೇಪಿಸಿದರು.

ಇದಕ್ಕೆ ಪರಿಹಾರವಿಲ್ಲದಿಲ್ಲ. ರೆಟ್ರೋಆರ್ಚ್ ಎಂಬ ತಂತ್ರಾಂಶದಲ್ಲಿ 2018ರಲ್ಲಿ ಸೇರಿದ ಉಪಾಯವೊಂದು ಮುಂದಿನ ಚಿತ್ರಗಳನ್ನು ಮೊದಲೇ ಲೆಕ್ಕಹಾಕಿ ಆಟದೊಳಗಿನ ವಿಳಂಬವನ್ನು ತಗ್ಗಿಸುತ್ತದೆ. ಮನೆಯಲ್ಲಿ ಮಾಡಬಹುದಾದುದೂ ಉಂಟು. ಟಿ.ವಿ.ಯಲ್ಲಿ ‘ಗೇಮ್ ಮೋಡ್’ ಇದ್ದರೆ ಅದನ್ನು ಆರಿಸಿರಿ. ಬ್ಲೂಟೂತ್ ಸ್ಪೀಕರಿನಲ್ಲಿ ಧ್ವನಿಯು ತಡವಾಗಿ ಬರುವುದರಿಂದ ತಂತಿಯ ಸ್ಪೀಕರನ್ನೇ ಬಳಸಿರಿ. ಅಟ್ಟದ ಮೇಲೆ ಹಳೆಯ ಯಂತ್ರವೂ ಡಿಸ್ಕುಗಳೂ ಪಿಕ್ಚರ್ ಟ್ಯೂಬಿನ ಟಿ.ವಿ.ಯೂ ಇದ್ದರೆ ಗುಜರಿಗೆ ಹಾಕುವ ಮುನ್ನ ಆಲೋಚಿಸಿರಿ. ಅನುಕರಣವು ಸರಿಯಾಗಿದೆಯೇ ಎಂದು ಒರೆಹಚ್ಚಿ ನೋಡಲು ಮೂಲವೊಂದು ಬೇಕೇಬೇಕು.

ಕೆಟ್ಟ ನಕಲು ಆಟವನ್ನು ಕೆಡಿಸುವುದಲ್ಲದೆ ಅದರ ಹೆಸರನ್ನೂ ಕೆಡಿಸುತ್ತದೆ. ಮುಂದೆ ಅದನ್ನಾಡುವ ಮಕ್ಕಳು ತಾಳ ತಪ್ಪಿದ ನಕಲನ್ನೇ ಮೂಲವೆಂದು ನಂಬಿ, ‘ಹಿರಿಯರು ಇದರಲ್ಲಿ ಯಾವ ಸುಖವನ್ನು ಕಂಡರೋ!’ ಎಂದಾರು. ಅವರು ಹಾಗೆನ್ನದಂತೆ ನೋಡಿಕೊಳ್ಳುವ ಹೊಣೆಯು ಮೂಲವನ್ನು ಆಡಿಬಲ್ಲ ನಮ್ಮ ತಲೆಮಾರಿನದು.