ದಾನಪತ್ರಕ್ಕೆ ಸಹಿ ಹಾಕುವ ಮುನ್ನ

2025ರ ಮಾರ್ಚ್ ತಿಂಗಳಲ್ಲಿ ಕರ್ನಾಟಕದ ವೈದ್ಯಕೀಯ ಶಿಕ್ಷಣ ಸಚಿವರಾದ ಡಾ. ಶರಣಪ್ರಕಾಶ ಪಾಟೀಲರು ಹೊರಗೆಡಹಿದ ಸಂಗತಿಯೊಂದು ಪರಸ್ಥಳದಲ್ಲಿರುವ ಕನ್ನಡಿಗರೂ ಲಕ್ಷ್ಯವಿಟ್ಟು ಆಲೋಚಿಸತಕ್ಕದ್ದಾಗಿದೆ. ಬೆಳಗಾವಿಯ ಸರಕಾರಿ ವೈದ್ಯಕೀಯ ಸಂಸ್ಥೆಯೊಂದರಲ್ಲಿಯೇ, ಮಕ್ಕಳು ತಂದು ಬಿಟ್ಟುಹೋದ ವೃದ್ಧರ ನೂರೈವತ್ತಕ್ಕೂ ಮಿಕ್ಕ ಪ್ರಕರಣಗಳು ಕಂಡುಬಂದಿದ್ದುವು. ಆಸ್ತಿಯನ್ನು ಮೊದಲು ತಮ್ಮ ಹೆಸರಿಗೆ ಬರೆಯಿಸಿಕೊಂಡು ಅನಂತರ ಹೆತ್ತವರನ್ನು ಕೈಬಿಟ್ಟವರೂ ಉಂಟೆಂಬುದು ಇನ್ನಷ್ಟು ಖೇದಕರ.

ಪುಣೆಯ ಹೋಟೆಲುಗಳಲ್ಲಿ ದುಡಿಯುವ, ಕಚೇರಿಗಳಲ್ಲಿ ಗುಮಾಸ್ತಿಕೆ ಮಾಡುವ ನಮ್ಮ ವಾಚಕರಿಗೆ ಇದು ದೂರದ ಮಾತಲ್ಲ. ಊರಿನ ಮನೆಯ ಹೆಂಚು ಇಲ್ಲಿಯ ಬೆವರಿನಿಂದ ಹೊದಿಸಿದ್ದು. ಮನೆಯಿರುವುದು ಮಾತ್ರ ತಂದೆಯ ಅಥವಾ ತಾಯಿಯ ಹೆಸರಿನಲ್ಲಿ. ಎಂಟು ದಿನದ ರಜೆಯಲ್ಲಿ ಊರಿಗೆ ಹೋದಾಗ ವ್ಯವಹಾರ ಮುಗಿಸಿಬಿಡುವ ಆತುರದಿಂದ ಮುದುಕರನ್ನು ಸಬ್‌ರಿಜಿಸ್ಟ್ರಾರರ ಕಚೇರಿಗೆ ಕರೆದೊಯ್ದು ದಾನಪತ್ರ ಮಾಡಿಸುವುದುಂಟು. ಕೆಲವೊಮ್ಮೆ ಪಡೆಯುವವನು ಪುಣೆಯ ಮಗ. ಕೆಲವೊಮ್ಮೆ ಊರಿನಲ್ಲಿ ಉಳಿದ ತಮ್ಮ. ಬರೆಯಿಸಿಕೊಂಡವನು ಯಾರೇ ಆಗಲಿ, ಕೊಟ್ಟವರ ಮುಂದಿನ ಊಟ, ಔಷಧಗಳ ವಿಚಾರ ಆ ಪತ್ರದಲ್ಲಿ ಇರುವುದು ವಿರಳ.

ಈ ಮೌನವೇ ಅನರ್ಥಕ್ಕೆ ಮೂಲ. 1882ರ ಸ್ವತ್ತು ವರ್ಗಾವಣೆ ಕಾಯಿದೆಯ ಪ್ರಕಾರ, ಒಮ್ಮೆ ಕೊಟ್ಟ ದಾನವನ್ನು ದಾನಿ ಮನಸ್ಸು ಬದಲಾಯಿತೆಂದು ಹಿಂದೆ ಪಡೆಯುವಂತಿಲ್ಲ. 2007ರ ತಂದೆತಾಯಿ ಹಾಗೂ ಹಿರಿಯ ನಾಗರಿಕರ ಪೋಷಣೆ ಕಾಯಿದೆಯ 23ನೆಯ ಕಲಮು ಇದಕ್ಕೊಂದು ಪರಿಹಾರವನ್ನಿತ್ತಿದೆ. ಅರುವತ್ತು ದಾಟಿದವರು ತಮ್ಮ ಪೋಷಣೆಯ ನಿಬಂಧನೆಯ ಮೇಲೆ ಆಸ್ತಿ ಕೊಟ್ಟಿದ್ದು, ಪಡೆದವನು ಮಾತಿಗೆ ತಪ್ಪಿದಲ್ಲಿ, ಆ ವರ್ಗಾವಣೆ ಮೋಸ ಅಥವಾ ಬಲಾತ್ಕಾರದಿಂದ ಆದದ್ದೆಂದು ಎಣಿಸಲ್ಪಟ್ಟು, ದಾನಿಯ ಇಚ್ಛೆಯಂತೆ ರದ್ದಾಗಬಲ್ಲುದು. ಆದರೆ ನಿಬಂಧನೆ ಇರಬೇಕು.

ಅದರ ಬೆಲೆ ಎಷ್ಟೆಂಬುದನ್ನು ಸುಪ್ರೀಂ ಕೋರ್ಟಿನ ಎರಡು ತೀರ್ಪುಗಳು ತೋರಿಸುತ್ತವೆ. 2022ರ ಡಿಸೆಂಬರ್ 6ರಂದು ಇತ್ಯರ್ಥವಾದ ಹರಿಯಾಣದ ಪ್ರಕರಣದಲ್ಲಿ, ತಾಯಿಯೊಬ್ಬಳು ಬರೆದ ಹಕ್ಕುಬಿಡುಗಡೆ ಪತ್ರಕ್ಕೆ ಪೋಷಣೆಯ ಷರತ್ತು ಇರಲಿಲ್ಲ. ಆದುದರಿಂದ ಅದರ ರದ್ದತಿ ಊರ್ಜಿತವಾಗಲಿಲ್ಲ. ಮಧ್ಯಪ್ರದೇಶದ ಛತರ್ಪುರದ ತಾಯಿಯಾದರೋ 2019ರಲ್ಲಿ ಮಗನಿಗೆ ದಾನ ಮಾಡಿದ್ದಳು. ಕೊನೆಯ ತನಕ ನೋಡಿಕೊಳ್ಳುವೆನೆಂಬ ವಚನಪತ್ರವೂ ಅವಳ ಬಳಿಯಿತ್ತು. 2025ರ ಜನವರಿ 2ರಂದು ನ್ಯಾಯಾಲಯವು ದಾನಪತ್ರವನ್ನು ರದ್ದುಗೊಳಿಸಿ, ಫೆಬ್ರವರಿ 28ರೊಳಗೆ ಸ್ವಾಧೀನವನ್ನು ತಾಯಿಗೆ ಮರಳಿಸಲು ಆಜ್ಞಾಪಿಸಿತು.

ಆದುದರಿಂದ ನಮ್ಮ ಸಲಹೆ ಸರಳವಾದುದು. ದಾನಪತ್ರದೊಳಗೇ ಅನ್ನ, ವಸ್ತ್ರ, ವಾಸ, ಔಷಧೋಪಚಾರಗಳ ಹೊಣೆಯನ್ನೂ, ತಪ್ಪಿದರೆ ಪತ್ರ ರದ್ದಾಗತಕ್ಕದ್ದೆಂಬುದನ್ನೂ ಸ್ಪಷ್ಟವಾಗಿ ಬರೆಯಿಸಬೇಕು. ಜೀವವಿರುವ ತನಕ ಆ ಮನೆಯಲ್ಲಿ ವಾಸಿಸುವ ಹಕ್ಕನ್ನು ಹಿರಿಯರು ಉಳಿಸಿಕೊಳ್ಳಬೇಕು. ಸಂದೇಹವಿದ್ದಲ್ಲಿ ದಾನಕ್ಕಿಂತ ಉಯಿಲು ಲೇಸು. ಅದನ್ನು ಬದುಕಿರುವ ತನಕ ಬದಲಾಯಿಸಬಹುದು.

"ಹೆತ್ತ ಮಗನ ಮೇಲೆ ಇಷ್ಟೂ ನಂಬಿಕೆಯಿಲ್ಲವೇ?" ಎಂದು ಕೇಳುವವರಿದ್ದಾರೆ. ಅಣ್ಣತಮ್ಮಂದಿರು ಕೂಡಿ ಹೋಟೆಲು ತೆರೆದಾಗಲೂ ಪಾಲಿನ ಕರಾರು ಬರೆಯುತ್ತಾರೆ. ಅದರಿಂದ ಒಡಹುಟ್ಟಿನ ಪ್ರೀತಿ ಕುಂದಿತೆಂದು ಯಾರೂ ಭಾವಿಸುವುದಿಲ್ಲ. ತಾಯಿ ಸಂಕೋಚದಿಂದ ಕೇಳಲಾರಳು. ಆದಕಾರಣ ಆ ವಾಕ್ಯವನ್ನು ಸೇರಿಸೆಂದು ಮಗನೇ ಮುಂದಾಗಿ ಹೇಳುವುದು ಅವನಿಗೆ ಭೂಷಣ.

ಷರತ್ತಿಲ್ಲದೆ ಈಗಾಗಲೇ ಬರೆದುಕೊಟ್ಟವರೂ ನಿರಾಶರಾಗಬೇಕಿಲ್ಲ. ಸ್ವಂತ ಆದಾಯದಿಂದ ಬದುಕಲಾರದ ತಂದೆತಾಯಿಗಳು ಪೋಷಣೆಯನ್ನು ಬೇರೆಯಾಗಿ ಕೇಳಬಹುದು. ಕರ್ನಾಟಕದಲ್ಲಿ ಉಪವಿಭಾಗಾಧಿಕಾರಿಗಳ ನ್ಯಾಯಮಂಡಳಿಗೆ ವಕೀಲರಿಲ್ಲದೆ ತಾವೇ ಅರ್ಜಿ ಕೊಡಬಹುದು. ಅಶಕ್ತರ ಪರವಾಗಿ ಅವರು ಅಧಿಕಾರವಿತ್ತ ಬೇರೊಬ್ಬರೂ ಕೊಡಬಹುದು. ನೋಟೀಸು ಮುಟ್ಟಿದ 90 ದಿನಗಳಲ್ಲಿ, ವಿಶೇಷ ಕಾರಣವಿದ್ದರೆ ಇನ್ನೂ 30 ದಿನಗಳಲ್ಲಿ, ತೀರ್ಮಾನವಾಗತಕ್ಕದ್ದು. ಕಾಯಿದೆಯಲ್ಲಿ ಗೊತ್ತುಪಡಿಸಿದ ಗರಿಷ್ಠ ಮಿತಿ ತಿಂಗಳಿಗೆ ಹತ್ತು ಸಾವಿರ ರೂಪಾಯಿ. ಅರ್ಜಿಯನ್ನು ಹಿರಿಯರಿರುವ ಜಿಲ್ಲೆಯಲ್ಲಾಗಲಿ, ಮಕ್ಕಳಿರುವ ಜಿಲ್ಲೆಯಲ್ಲಾಗಲಿ ಸಲ್ಲಿಸಬಹುದು. ಪುಣೆಗೆ ಬಂದವನು ಊರಿನ ಹೊಣೆಯಿಂದ ತಪ್ಪಿಸಿಕೊಂಡೆನೆಂದು ತಿಳಿದರೆ ಅದು ಭ್ರಮೆ.

ಆಸ್ತಿ ತಮ್ಮನಿಗೆ ಹೋಯಿತು, ತನಗೇನೂ ಬರಲಿಲ್ಲವೆಂದು ಕೈಕಟ್ಟಿ ಕೂಡುವುದೂ ಸಲ್ಲದು. ಶಕ್ತಿಯುಳ್ಳ ಪ್ರತಿಯೊಬ್ಬ ಮಗನ, ಮಗಳ ಕರ್ತವ್ಯವನ್ನು ಕಾಯಿದೆ ಆಸ್ತಿಯೊಡನೆ ಗಂಟುಹಾಕಿಲ್ಲ. ದಿನವೂ ನೂರಾರು ಅಪರಿಚಿತರಿಗೆ ಎಲೆ ಹಾಕಿ ಬಡಿಸುವ ಕೈಗಳು ನಮ್ಮವು. ಊರಿನಲ್ಲಿ ಹೆತ್ತವರ ಎಲೆ ಬರಿದಾಗದಂತೆ ನೋಡಿಕೊಳ್ಳುವುದು ಆ ಕೈಗಳಿಗೆ ಭಾರವಾಗಬಾರದು.