ಹೆಣ್ಣುಮಕ್ಕಳೂ ಚದುರಂಗದ ಮಣೆಯೂ

ನಮ್ಮ ಸೀಮೆಯ ಹೆಂಗಸರಿಗೆ ಮಣೆಯ ಆಟವು ಹೊಸತಲ್ಲ. ಆಟಿ ತಿಂಗಳ ಜಡಿಮಳೆಯಲ್ಲಿ ಜಗಲಿಯ ಮೇಲೆ ಚೆನ್ನೆಮಣೆಯನ್ನಿಟ್ಟು, ಹದಿನಾಲ್ಕು ಗುಳಿಗಳ ಲೆಕ್ಕವನ್ನು ಮನಸ್ಸಿನಲ್ಲಿಯೇ ಹಿಡಿದಿಟ್ಟುಕೊಳ್ಳುತ್ತಿದ್ದ ಅಜ್ಜಿಯರನ್ನು ನಮ್ಮಲ್ಲಿ ಅನೇಕರು ಕಂಡಿರುವೆವು. ಆದರೆ ಅದೇ ಮನೆಯ ಮೊಮ್ಮಗಳು ಚದುರಂಗದ ಮಣೆಯ ಮುಂದೆ ಕುಳಿತಳೆಂದರೆ, ಇದರಿಂದ ಪ್ರಯೋಜನವೇನೆಂಬ ಪ್ರಶ್ನೆ ಏಳುತ್ತದೆ. ಹುಡುಗನು ಕುಳಿತರೆ ಬುದ್ಧಿ ಬೆಳೆಯುವುದೆಂದು ಹೇಳುವ ಬಾಯಿಂದಲೇ ಈ ಪ್ರಶ್ನೆಯೂ ಬರುವುದನ್ನು ನಾನು ಕೇಳಿದ್ದೇನೆ.

ಪೋಷಕರೇ, ಈ ಲೇಖನವನ್ನು ಬರೆಯುವುದಕ್ಕೆ ಕಾರಣವಾದ ಸಂಗತಿಯನ್ನು ಮೊದಲು ಒಪ್ಪಿಕೊಳ್ಳುವೆನು. ಕೆಲವು ವರ್ಷಗಳ ಹಿಂದೆ ನಮ್ಮ ಶಾಲೆಯ ಬಾಲೆಯೊಬ್ಬಳು ಚದುರಂಗದಲ್ಲಿ ತನಗಿಂತ ಹಿರಿಯರನ್ನು ಸೋಲಿಸುತ್ತಿದ್ದಳು. ಅವಳು ಹತ್ತನೆಯ ತರಗತಿಗೆ ಏರಿದಾಗ ತಂದೆಯವರು ಬಂದು ನನ್ನ ಸಲಹೆಯನ್ನು ಕೇಳಿದರು. “ಒಂದು ವರ್ಷದ ಮಟ್ಟಿಗೆ ಆಟವನ್ನು ನಿಲ್ಲಿಸಲಿ” ಎಂದು ಹೇಳಿದೆನು. ಪರೀಕ್ಷೆಯಲ್ಲಿ ಅವಳಿಗೆ ಒಳ್ಳೆಯ ಅಂಕಗಳು ದೊರೆತವು; ಮಣೆಯು ಅಟ್ಟವನ್ನು ಸೇರಿತು. ನಾನು ಹೇಳಿದ ಆ ಒಂದು ವರ್ಷವು ಮುಗಿಯಲೇ ಇಲ್ಲ. ಈಚೆಗೆ ಶಾಲೆಗೆ ಬಂದವಳು, “ಟೀಚರ್, ಈಗ ಕುದುರೆಯ ನಡೆಯೂ ಮರೆತುಹೋಗಿದೆ” ಎಂದು ನಕ್ಕಳು. ನನಗೆ ನಗು ಬರಲಿಲ್ಲ.

ಆಗ ನಾನು ತಿಳಿದಿರತಕ್ಕ ವಿಷಯಗಳು ಅನೇಕವಿದ್ದವು. ಹಾಲೆಂಡಿನ ಮ್ಯಾಕ್ಸ್ ಯೂವೆ ಎಂಬವರು 1935ರಲ್ಲಿ ಅಲೆಖಿನ್ ಅವರನ್ನು ಗೆದ್ದು ಜಗಜ್ಜೇತರಾದರು. ಅವರ ವೃತ್ತಿಯೋ, ಆಮ್‌ಸ್ಟರ್‌ಡಾಮಿನ ಒಂದು ಹೆಣ್ಣುಮಕ್ಕಳ ಶಾಲೆಯಲ್ಲಿ ಗಣಿತವನ್ನು ಕಲಿಸುವುದು! ಅದಕ್ಕೂ ಮುಂಚೆ, 1927ರಲ್ಲಿ, ಮಾಸ್ಕೋದಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ನೆಲಸಿದ್ದ ವೇರಾ ಮೆಂಚಿಕ್ ಎಂಬ ಕನ್ನಿಕೆಯು ಸ್ತ್ರೀಯರಲ್ಲಿ ಪ್ರಪ್ರಥಮ ಜಗಜ್ಜೇತೆಯಾಗಿದ್ದರು. 1929ರಲ್ಲಿ ಕಾರ್ಲ್ಸ್‌ಬಾಡ್ ಎಂಬಲ್ಲಿ ಅವರು ಪುರುಷರೊಂದಿಗೆ ಆಡಲು ಬಂದಾಗ, ವಿಯೆನ್ನಾದ ಬೆಕರ್ ಎಂಬ ಆಟಗಾರರು, ಈಕೆಗೆ ಸೋತವರೆಲ್ಲರೂ ‘ವೇರಾ ಮೆಂಚಿಕ್ ಸಂಘ’ದ ಸದಸ್ಯರಾಗತಕ್ಕದ್ದೆಂದು ಹಾಸ್ಯವಾಡಿದರು. ಆ ಸಂಘದ ಮೊದಲನೆಯ ಸದಸ್ಯರು ಬೆಕರ್ ಅವರೇ ಆಗಬೇಕಾಯಿತು. ನಮ್ಮ ಗಣಿತದ ಉಪಾಧ್ಯಾಯರಾದ ಯೂವೆಯವರೂ ಹೇಸ್ಟಿಂಗ್ಸ್ ಪಂದ್ಯಗಳಲ್ಲಿ ಎರಡು ಸಲ ಆಕೆಗೆ ಸೋತು ಸದಸ್ಯತ್ವವನ್ನು ಪಡೆದರು. ವೇರಾ ಅವರು 1944ರ ಜೂನ್ ತಿಂಗಳಲ್ಲಿ ಲಂಡನಿನ ತಮ್ಮ ಮನೆಯ ಮೇಲೆ ಜರ್ಮನರ ಹಾರುಬಾಂಬು ಬಿದ್ದು, ತಾಯಿ ಮತ್ತು ತಂಗಿಯೊಂದಿಗೆ ಮಡಿದರು.

ಈ ಕಥೆಯ ಉತ್ತರಾರ್ಧವು ನಮ್ಮ ದೇಶದ್ದು. 1976ರಲ್ಲಿ ಮುಂಬಯಿಯ ರೋಹಿಣಿ ಖಾಡಿಲ್ಕರ್ ಎಂಬ ಹದಿಮೂರು ವರ್ಷದ ಬಾಲೆಯು ಪುರುಷರ ರಾಷ್ಟ್ರೀಯ ಪಂದ್ಯಕ್ಕೆ ಇಳಿದಳು. ಹೆಂಗಸು ಗಂಡಸರೊಡನೆ ಆಡುವುದು ಸಲ್ಲದೆಂದು ಆಕ್ಷೇಪಣೆಯಾಯಿತು. ನ್ಯಾಯಾಲಯದ ವರೆಗೂ ಹೋಯಿತು. ಆಗ ಜಾಗತಿಕ ಚದುರಂಗ ಒಕ್ಕೂಟದ ಅಧ್ಯಕ್ಷರಾಗಿದ್ದವರು ಅದೇ ಯೂವೆಯವರು. ರಾಷ್ಟ್ರೀಯ ಹಾಗೂ ಅಂತರರಾಷ್ಟ್ರೀಯ ಪಂದ್ಯಗಳಿಂದ ಸ್ತ್ರೀಯರನ್ನು ಹೊರಗಿಡಕೂಡದೆಂದು ಅವರು ತೀರ್ಪಿತ್ತರು. ಹೆಣ್ಣುಮಕ್ಕಳಿಗೆ ಪಾಠ ಹೇಳಿದವರೂ ಹೆಣ್ಣೊಬ್ಬಳಿಗೆ ಸೋತವರೂ ಆದ ಅವರಿಗೆ ಈ ವಿಷಯದಲ್ಲಿ ಸಂಶಯವೇನು ಉಳಿದಿರಬಹುದು? ರೋಹಿಣಿಯವರು 1981ರಲ್ಲಿ ಏಷ್ಯಾ ಖಂಡದ ಮಹಿಳಾ ಪ್ರಶಸ್ತಿಯನ್ನು ಗೆದ್ದರು.

ಹೊಟ್ಟೆಯ ಪಾಡೇನೆಂದು ಕೇಳುವುದು ಅನ್ಯಾಯವಲ್ಲ. ಕರ್ನಾಟಕದಿಂದ ಮೊತ್ತಮೊದಲು, 2017ರಲ್ಲಿ, ಗ್ರಾಂಡ್‌ಮಾಸ್ಟರ್ ಆದ ಮೈಸೂರಿನ ತೇಜ್‌ಕುಮಾರ್ ಅವರು ರೈಲ್ವೆಯ ನೌಕರರು. ಆಂಧ್ರದ ಕೊನೇರು ಹಂಪಿಯವರಿಗೆ ಸರಕಾರದ ತೈಲಸಂಸ್ಥೆಯಲ್ಲಿ ಉದ್ಯೋಗ ದೊರೆತಿತು. ಆದರೂ ಆಟವನ್ನೇ ನೆಚ್ಚಿ ಓದನ್ನು ಬಿಡಿರೆಂದು ನಾನು ಯಾವ ಹುಡುಗಿಗೂ ಹೇಳಲಾರೆನು. ಗ್ರಾಂಡ್‌ಮಾಸ್ಟರ್ ಪದವಿಗೆ 2500 ಅಂಕಗಳ ಮಟ್ಟವನ್ನು ಮುಟ್ಟಬೇಕು. ಅಲ್ಲದೆ ಬಲಿಷ್ಠರ ಪಂದ್ಯಗಳಲ್ಲಿ ಮೂರು ಸಲ ನಿಯಮಿತ ಸಾಧನೆಯನ್ನು ತೋರಬೇಕು. ಅಂಥ ಪಂದ್ಯಗಳನ್ನರಸಿ ಅನೇಕ ಸಲ ಪರದೇಶಕ್ಕೆ ಹೋಗಬೇಕಾಗುವುದು. ಆ ವೆಚ್ಚವನ್ನು ಎಲ್ಲ ಮನೆಗಳೂ ತಾಳಲಾರವು. ಸಾಲ ಮಾಡಿ ಪದವಿಯನ್ನು ಬೆನ್ನಟ್ಟುವ ತಂದೆತಾಯಿಗಳನ್ನು ಕಂಡರೆ ನನಗೆ ಮರುಕವೇ ಆಗುವುದು.

ಆದರೆ ಮದುವೆಯಾದ ಮೇಲೆ ಇದೆಲ್ಲ ಎಲ್ಲಿಯದು ಎಂಬ ಮಾತನ್ನು ಮಾತ್ರ ನಾನು ಒಪ್ಪುವುದಿಲ್ಲ. ಹಂಪಿಯವರು 2002ರಲ್ಲಿ, ಹದಿನೈದನೆಯ ವಯಸ್ಸಿನಲ್ಲಿ, ಭಾರತದ ಸ್ತ್ರೀಯರಲ್ಲಿ ಮೊದಲಿಗರಾಗಿ ಗ್ರಾಂಡ್‌ಮಾಸ್ಟರ್ ಆದರು. 2017ರಲ್ಲಿ ತಾಯಿಯಾದರು. 2019ರಲ್ಲಿಯೂ ಪುನಃ 2024ರಲ್ಲಿಯೂ ತ್ವರಿತ ಚದುರಂಗದ ಜಗಜ್ಜೇತೆಯಾದರು. ದ್ರೋಣವಲ್ಲಿ ಹಾರಿಕಾ ಅವರು 2022ರಲ್ಲಿ ಚೆನ್ನೈಯ ಒಲಿಂಪಿಯಾಡಿನಲ್ಲಿ ತುಂಬುಗರ್ಭಿಣಿಯಾಗಿ ಆಡಿ ದೇಶಕ್ಕೆ ಕಂಚಿನ ಪದಕವನ್ನು ತರುವುದರಲ್ಲಿ ಪಾಲುಗೊಂಡರು. ಎರಡು ವರ್ಷಗಳ ತರುವಾಯ ಬುಡಾಪೆಸ್ಟಿನಲ್ಲಿ ಚಿನ್ನವನ್ನು ಗೆದ್ದ ತಂಡದಲ್ಲಿಯೂ ಇದ್ದರು. 2025ರಲ್ಲಿ ಬಟೂಮಿಯಲ್ಲಿ ನಡೆದ ಮಹಿಳಾ ವಿಶ್ವಕಪ್ಪಿನ ಕೊನೆಯ ಸ್ಪರ್ಧೆಯು ನಮ್ಮ ದೇಶದ ಇಬ್ಬರೊಳಗೇ ನಡೆಯಿತು: ಮೂವತ್ತೆಂಟರ ಹಂಪಿ, ಹತ್ತೊಂಬತ್ತರ ದಿವ್ಯಾ ದೇಶಮುಖ. ಕಿರಿಯಳು ಗೆದ್ದಳು, ಗ್ರಾಂಡ್‌ಮಾಸ್ಟರ್ ಪದವಿಯನ್ನೂ ಪಡೆದಳು. ಭಾರತದ ಸ್ತ್ರೀಯರಲ್ಲಿ ಈ ಪದವಿಗೇರಿದವರಲ್ಲಿ ಆಕೆಯು ನಾಲ್ಕನೆಯವಳು.

ಇಷ್ಟು ದೂರಕ್ಕೆ ಹೋಗಬೇಕಾಗಿಯೂ ಇಲ್ಲ. ಕರ್ನಾಟಕದ ಪ್ರಪ್ರಥಮ ಮಹಿಳಾ ಗ್ರಾಂಡ್‌ಮಾಸ್ಟರ್ ಎನಿಸಿದ ಈಶಾ ಶರ್ಮ ಅವರು ನಮ್ಮ ನೆರೆಯ ಬೆಳ್ತಂಗಡಿಯವರು. ವಾಮದಪದವಿನಿಂದ ಬಸ್ಸು ಹತ್ತಿ ಸಂತೆಗೆ ಹೋಗಿಬರುವಷ್ಟು ಸಮೀಪದ ಊರು! ಮಹಿಳಾ ಗ್ರಾಂಡ್‌ಮಾಸ್ಟರ್ ಪದವಿಗೆ 2300ರ ಮಟ್ಟ ಸಾಕಾಗುವುದರಿಂದ ಅದನ್ನು ಕಿರಿದೆಂದು ಹೇಳುವವರುಂಟು. ಹಂಗೆರಿಯ ಜುಡಿತ್ ಪೋಲ್ಗಾರ್ ಅವರು ಹೆಂಗಸರ ಪ್ರತ್ಯೇಕ ಪಂಕ್ತಿಯನ್ನು ಬಹುಮಟ್ಟಿಗೆ ಬಿಟ್ಟು ಪುರುಷರೊಡನೆಯೇ ಆಡಿ, ಲೋಕದ ಮೊದಲ ಹತ್ತು ಮಂದಿಯಲ್ಲಿ ಸ್ಥಾನ ಪಡೆದದ್ದು ನಿಜ. ಆದರೆ ಜುಡಿತರಿಗೆ ಚಿಕ್ಕಂದಿನಿಂದಲೂ ಮಣೆಯ ಎದುರಿನಲ್ಲಿ ಇಬ್ಬರು ಅಕ್ಕಂದಿರಿದ್ದರು. ನಮ್ಮ ಹಳ್ಳಿಯ ಹುಡುಗಿಗೆ ಎದುರಾಳಿ ಸಿಕ್ಕುವುದೇ ದುರ್ಲಭ. ಅವಳಿಗೆ ನಡುವೆ ಒಂದು ಮೆಟ್ಟಿಲು ಬೇಕೇ ಬೇಕೆಂದು ನನ್ನ ಅಭಿಪ್ರಾಯ.

ಆದಕಾರಣ ಬರುವ ಜೂನ್ ತಿಂಗಳಿಂದ ಪ್ರತಿ ಶನಿವಾರ ಮಧ್ಯಾಹ್ನ ನಮ್ಮ ವಾಚನಾಲಯದಲ್ಲಿ ಚದುರಂಗಕ್ಕೆ ಎರಡು ಗಂಟೆಗಳನ್ನು ಮೀಸಲಿಡಲಾಗುವುದು. ಹತ್ತನೆಯ ತರಗತಿಯವರೂ ಬರಬಹುದು, ಅವರನ್ನು ತಡೆಯುವುದಿಲ್ಲ. ಶಾಲೆಯಲ್ಲಿ ಈಗ ಎರಡೇ ಮಣೆಗಳಿವೆ, ಅದರಲ್ಲಿ ಒಂದಕ್ಕೆ ಬಿಳಿಯ ಮಂತ್ರಿಯಿಲ್ಲ. ಹಳೆ ವಿದ್ಯಾರ್ಥಿನಿಯರ ಅಟ್ಟಗಳಲ್ಲಿ ಮಣೆಗಳೇನಾದರೂ ಇದ್ದರೆ ದಯವಿಟ್ಟು ಧೂಳು ಕೊಡವಿ ಕಳುಹಿಸಿಕೊಡಿರಿ. ಮೇಲೆ ಹೇಳಿದ ಆ ನಮ್ಮ ಹುಡುಗಿಗೆ ನಾನೇ ಪತ್ರ ಬರೆದಿದ್ದೇನೆ. ಮಣೆಯನ್ನು ತಾನೇ ತರುವೆನೆಂದು ಉತ್ತರ ಬಂದಿದೆ.